ಫಲಕದ ಮೇಲಿನ ಏಳು ವರ್ಷ

ನಮ್ಮ ಕಾಲೇಜಿನ ಪ್ರಾಂಶುಪಾಲರ ಕೊಠಡಿಯಲ್ಲಿ ಒಂದು ಮರದ ಫಲಕವಿದೆ. ಕಪ್ಪು ಬಣ್ಣದ ಮೇಲೆ ಹಳದಿ ಅಕ್ಷರ: ಹೆಸರು, ಇಂದ, ವರೆಗೆ. ಎಲ್ಲವೂ ಗಂಡಸರ ಹೆಸರು, ಕೊನೆಯದೊಂದು ನನ್ನದು. ಇಟ್ಟಮಡುವಿನಿಂದ ಬಂದ ಪೇಂಟರ್ ಅದನ್ನು ಬರೆಯುವಾಗ ಪಕ್ಕದಲ್ಲೇ ನಿಂತಿದ್ದೆ. ಸುದ್ದಗುಂಟೆಪಾಳ್ಯದ ಒಂದೇ ಕೋಣೆಯ ಮನೆಯಲ್ಲಿ ಊದುಬತ್ತಿ ಹೊಸೆದು ನನ್ನನ್ನು ಓದಿಸಿದವಳು ಅಮ್ಮ. ಅವಳಿಗೆ ಅಕ್ಷರ ಬಾರದು. ಅವತ್ತೇ ಕರೆತಂದು ತೋರಿಸಿದೆ. "ಇದ್ರಲ್ಲಿ ನಿಂದ್ಯಾವುದೇ?" ಎಂದಳು. ಬೆರಳಿಟ್ಟು ತೋರಿಸಿದೆ. ಹಸಿ ಬಣ್ಣ ಬೆರಳಿಗೆ ಅಂಟಿತು. ನಮ್ಮ ಮನೆತನದಲ್ಲಿ ಡಿಗ್ರಿ ಮುಗಿಸಿದ ಮೊದಲನೆಯವಳು ನಾನು. ಯಾರಾದರೂ ಕೇಳಿದರೆ ಹೇಳುತ್ತೇನೆ, ಕೇಳದಿದ್ದರೂ ಹೇಳುತ್ತೇನೆ.

ಆ ಫಲಕದಲ್ಲಿ ಒಂದು ಸುಳ್ಳಿದೆ. ಮೂರನೆಯ ಹೆಸರಿನವರು ಹುದ್ದೆಯಲ್ಲಿದ್ದಾಗಲೇ ಎದೆನೋವು ಬಂದು ತೀರಿಕೊಂಡರು. ಫಲಕದ ಪ್ರಕಾರ ಅವರು ಸತ್ತ ಮೇಲೂ ಏಳು ವರ್ಷ ಪ್ರಾಂಶುಪಾಲರಾಗಿದ್ದರು. ಆ ಏಳು ವರ್ಷ ಕಾಲೇಜು ನಡೆಸಿದ್ದು ರಸಾಯನಶಾಸ್ತ್ರದ ಮೇಡಂ, ಪ್ರಭಾರದ ಮೇಲೆ. ಪ್ರಭಾರವೆಂದರೆ ಕೆಲಸವೆಲ್ಲ ನಿನ್ನದು, ಹುದ್ದೆ ಮಾತ್ರ ನಿನ್ನದಲ್ಲ. ಸೂಕ್ತ ವ್ಯಕ್ತಿ ಸಿಗುವ ತನಕ ನೋಡಿಕೊಳ್ಳಿ ಎಂದಿದ್ದರು ಆಡಳಿತ ಮಂಡಳಿಯವರು. ಪ್ರಭಾರದ ಹೆಂಗಸು ದೊಡ್ಡ ಕುರ್ಚಿಯಲ್ಲಿ ಕೂರುವ ಪದ್ಧತಿ ನಮ್ಮಲ್ಲಿಲ್ಲ. ಮೇಡಂ ಮೇಜಿನ ಪಕ್ಕಕ್ಕೆ ಬೆತ್ತದ ಕುರ್ಚಿ ಹಾಕಿಕೊಂಡು, ಓರೆಯಾಗಿ ಕೂತು ಸಹಿ ಮಾಡುತ್ತಿದ್ದರು. ದೊಡ್ಡ ಕುರ್ಚಿ ಬೆನ್ನಿಗೆ ಬಿಳಿ ಟವೆಲ್ ಹೊದ್ದು ಖಾಲಿ ಇರುತ್ತಿತ್ತು. ಕೊನೆಗೊಬ್ಬ ಗಂಡಸು ಸಿಕ್ಕಿದರು, ಬಂದು ಅದರಲ್ಲಿ ಕೂತರು. ಫಲಕ ಬರೆಸುವಾಗ ಆಫೀಸಿನವರು ಕಾಯಂ ನೇಮಕದ ಆದೇಶಗಳನ್ನಷ್ಟೇ ನೋಡಿ, ಈತ ಬಂದ ದಿನವನ್ನೇ ಆ ಸತ್ತವರು ಬಿಟ್ಟ ದಿನವೆಂದು ಬರೆಸಿದರು.

ಆ ಓರೆ ಕುರ್ಚಿಯಿಂದಲೇ ಮೇಡಂ ನನಗೆ ಸೀಟು ಕೊಟ್ಟದ್ದು. ಅಡ್ಮಿಷನ್ ಮುಗಿದು ವಾರವಾಗಿತ್ತು. ಊದುಬತ್ತಿಯ ಕಪ್ಪು ಮೆತ್ತಿದ ಕೈಯಲ್ಲಿ ಅಮ್ಮ ನನ್ನ ಮಾರ್ಕ್ಸ್ ಕಾರ್ಡ್ ಚಾಚಿದಳು. "ಇವಳನ್ನ ಹೊರಗೆ ನಿಲ್ಲಿಸಿ ಇನ್ಯಾರನ್ನ ಒಳಗೆ ತಗೊಳ್ಳೋದು," ಎಂದು ಮೇಡಂ ಸಹಿ ಹಾಕಿದರು.

ಕಾಲೇಜಿಗೆ ಐವತ್ತು ತುಂಬಿದಾಗ ಪ್ರಾಂಶುಪಾಲೆ ನಾನು. ಸಮಾರಂಭಕ್ಕೆ ಹತ್ತು ದಿನವಿದೆ ಎನ್ನುವಾಗ ಮೇಡಂ ಜಯನಗರದಿಂದ ಆಟೋ ಮಾಡಿಕೊಂಡು ಬಂದರು. ಎಂಬತ್ತು ದಾಟಿತ್ತು. ಕೈಯಲ್ಲಿ ಪ್ಲಾಸ್ಟಿಕ್ ಕವರಿನ ಫೈಲು. ಅವರ ಕಾಲದಲ್ಲೇ ಕೆಲಸಕ್ಕೆ ಸೇರಿದ್ದ ಅಟೆಂಡರಮ್ಮ ಹೇಳದೆಯೇ ಕಾಫಿ ತಂದಿಟ್ಟು, ಹೋಗದೆ ನಿಂತಳು.

"ಈ ಫಲಕದಲ್ಲಿ ನನ್ನ ಹೆಸರು ಸೇರಿಸ್ತೀಯೇನಮ್ಮ? ಏಳು ವರ್ಷದ ಆರ್ಡರ್ ಎಲ್ಲಾ ಇದ್ರಲ್ಲಿದೆ. ಒಂದೇ ಒಂದು ಸಾಲು. ನಾನಿರೋವಾಗ್ಲೇ ನೋಡ್ಬೇಕು ಅಂತ," ಎಂದರು ಮೇಡಂ.

"ಪ್ರಭಾರದವರ ಹೆಸರು ಬರಲ್ಲ ಮೇಡಂ. ರೂಲ್ಸ್."

"ಯಾರು ಮಾಡಿದ ರೂಲ್ಸು?"

"ಮೊದ್ಲಿಂದಾನೂ ಇದೆ."

ಅಂಥ ರೂಲ್ಸ್ ಎಲ್ಲೂ ಇರಲಿಲ್ಲ.

"ಹಂಗಾದ್ರೆ ಆ ಸಾಹೇಬ್ರು ಸ್ವರ್ಗದಿಂದಾನೇ ಏಳು ವರ್ಷ ಓಡಾಡ್ಕೊಂಡು ಕಾಲೇಜು ನಡೆಸಿದ್ರು ಅನ್ನಿ," ಎಂದಳು ಅಟೆಂಡರಮ್ಮ. "ಬಸ್ ಚಾರ್ಜು ಕೊಟ್ರಾ ಮೇಡಂ?"

ಮೇಡಂ ನಕ್ಕುಬಿಟ್ಟರು. ನಾನು ನಗಲಿಲ್ಲ. "ನೀನು ಲೋಟ ತಗೊಂಡು ಹೋಗಮ್ಮ," ಎಂದೆ. ಮೇಡಂ ಇನ್ನೂ ಕಾಫಿ ಮುಗಿಸಿರಲಿಲ್ಲ.

ಮೇಜಿನ ಮೇಲೆ ಆಹ್ವಾನ ಪತ್ರಿಕೆಯ ಕಟ್ಟಿತ್ತು. ಮೇಡಂ ಒಂದನ್ನೆತ್ತಿ ಕಣ್ಣ ಹತ್ತಿರ ಹಿಡಿದರು. ನನ್ನ ಹೆಸರಿನ ಕೆಳಗೆ 'ಕಾಲೇಜಿನ ಪ್ರಥಮ ಮಹಿಳಾ ಪ್ರಾಂಶುಪಾಲೆ' ಎಂದು ನಾನೇ ಹಾಕಿಸಿದ್ದೆ. ಅವರ ಹೆಸರು ಫಲಕಕ್ಕೆ ಬಂದರೆ ಆ ಸಾಲು ಸುಳ್ಳಾಗುತ್ತಿತ್ತು.

"ಓ, ಇದಾ ವಿಷ್ಯ," ಎಂದರು. ಪತ್ರಿಕೆಯನ್ನು ಕಟ್ಟಿನ ಮೇಲೆ ವಾಪಸ್ ಇಟ್ಟು, "ನಿನ್ನ ಅಡ್ಮಿಷನ್ ಫಾರಂ ಮೇಲೆ ನಾನು ಹಾಕಿದ ಸೈನು? ಅದೂ ಲೆಕ್ಕಕ್ಕಿಲ್ವಾ ಹಾಗಾದ್ರೆ?"

"ಅದು ಆಫೀಸ್ ಕೆಲಸ ಮೇಡಂ. ಯಾರಿದ್ರೂ ಹಾಕೋರು."

ಬೇರೆ ಯಾರಿದ್ದರೂ ಹಾಕುತ್ತಿರಲಿಲ್ಲ. ನನಗದು ಗೊತ್ತಿತ್ತು. ನನಗೆ ಗೊತ್ತಿದೆ ಎನ್ನುವುದು ಅವರಿಗೂ ಗೊತ್ತಿತ್ತು. ಫೈಲನ್ನು ಕವರಿಗೆ ತುರುಕಿಕೊಂಡು, ಮೇಜು ಹಿಡಿದು ಎದ್ದರು. ಬಾಗಿಲ ತನಕ ಬಿಟ್ಟುಬರಲು ನಾನು ಏಳಲಿಲ್ಲ.

ಸಮಾರಂಭಕ್ಕೂ ಬಂದರು. ನಿವೃತ್ತ ಸಿಬ್ಬಂದಿಯ ಸಾಲಿನಲ್ಲಿ ನಿಲ್ಲಿಸಿ ಎಲ್ಲರಿಗೂ ಹೊದಿಸಿದಂಥದ್ದೇ ಒಂದು ಶಾಲು ಹೊದಿಸಿದೆ. ಮರುವರ್ಷ ತೀರಿಕೊಂಡಾಗ ನೋಟಿಸ್ ಬೋರ್ಡಿಗೆ ಸಂತಾಪ ಸೂಚನೆ ಬರೆದದ್ದೂ ನಾನೇ: 'ನಿವೃತ್ತ ಉಪನ್ಯಾಸಕಿ'. ಅಟೆಂಡರಮ್ಮ ಯಾರಿಂದಲೋ ಅದನ್ನು ಓದಿಸಿಕೊಂಡಳು. ಆಮೇಲೆ ನನ್ನ ಟೇಬಲ್ಲಿಗೆ ಕಾಫಿ ಆರಿಯೇ ಬರುತ್ತಿತ್ತು.

ನಾನು ನಿವೃತ್ತಳಾಗಿ ಎರಡು ವರ್ಷವಾಯಿತು. ಮಂಡಳಿಗೆ ಸೂಕ್ತ ವ್ಯಕ್ತಿ ಇನ್ನೂ ಸಿಕ್ಕಿಲ್ಲ. ಈಗ ಪ್ರಭಾರದಲ್ಲಿರುವವಳು ವಾಣಿಜ್ಯ ವಿಭಾಗದ ಹುಡುಗಿ. ಹುಡುಗಿಯೇನು, ನಲವತ್ತೈದಾಗಿದೆ. ಗದಗದ ಕಡೆಯವಳು, ಬಿಟಿಎಂನಲ್ಲಿ ಬಾಡಿಗೆ ಮನೆ. ಅವಳೂ ಅವರ ಮನೆಯಲ್ಲಿ ಡಿಗ್ರಿ ಮಾಡಿದ ಮೊದಲನೆಯವಳು. ನಾಲ್ಕು ತಿಂಗಳ ಕೆಳಗೆ ಬನಶಂಕರಿಯ ನನ್ನ ಮನೆಗೆ ಹಣ್ಣು ಹಿಡಿದುಕೊಂಡು ಬಂದಿದ್ದಳು.

"ಫಲಕದಾಗ ನಿಮ್ಮ ಹೆಸರಿನ ಮುಂದ 'ವರೆಗೆ' ಅನ್ನೂದು ಖಾಲಿ ಅದ ರೀ ಮೇಡಂ. ನಿವೃತ್ತಿ ತಾರೀಖು ಬರಸ್ರಿ ಅಂತ ನೀವೊಂದು ಪತ್ರ ಕೊಟ್ರ, ಕೆಳಗ ನಂದೊಂದು ಸಾಲು ಕೇಳಾಕ ನನಗ ದಾರಿ ಆಗ್ತದ. ನಿಮ್ಮ ಮಾತು ಮಂಡಳಿಯವ್ರು ತಗದು ಹಾಕೂದಿಲ್ಲ."

"ಎಲ್ಲಿ ಕೂರ್ತೀಯ?" ಎಂದು ಕೇಳಿದೆ.

"ಮೇಜಿನ ಬಾಜೂಕ ರೀ. ಅದೇ ಬೆತ್ತದ ಕುರ್ಚಿ."

ಬರೀತೀನಿ ಎಂದೆ. ಅವಳು ಕಾಲು ಮುಟ್ಟಿ ನಮಸ್ಕಾರ ಮಾಡಿ ಹೋದಳು. ಆಮೇಲೆ ಎರಡು ಸಲ ಫೋನ್ ಮಾಡಿದಳು, ಎರಡು ಸಲವೂ ಬರೀತೀನಿ ಎಂದೆ.

ಫಲಕದ ಪ್ರಕಾರ ಪ್ರಾಂಶುಪಾಲೆ ಈಗಲೂ ನಾನೇ. ಪತ್ರ ಇನ್ನೂ ಬರೆದಿಲ್ಲ.