ತಡಕ್ಕೆ ಕಾರಣ

ಅರ್ಜಿ ಕಾಕಾನ ಬಲಗೈ ಹೆಬ್ಬೆರಳು ಸದಾ ನೀಲಿ. ಅಕ್ಷರ ಬಾರದವರ ಹೆಬ್ಬೆಟ್ಟು ಹಿಡಿದು ಶಾಯಿಗೆ ಒತ್ತಿ ಒತ್ತಿ ಆ ಬಣ್ಣ ಅವನ ಉಗುರಿನೊಳಗೇ ಕೂತಿತ್ತು. ಅಫಜಲಪುರದ ಒಂದು ಬೇವಿನ ಮರದ ಕೆಳಗೆ, ತಗಡಿನ ಟ್ರಂಕಿನ ಮೇಲೆ ಹಲಗೆ ಇಟ್ಟುಕೊಂಡು, ಸರ್ಕಾರಿ ಆದೇಶಗಳ ವಿರುದ್ಧ ಊರವರ ಅಪೀಲು ಬರೆಯುತ್ತಿದ್ದ. ವಕೀಲಿ ಓದುವಾಗ ರಜೆಯಲ್ಲೆಲ್ಲ ನಾನು ಅವನ ಪಕ್ಕದಲ್ಲೇ ಕೂತು ಕಲಿತೆ.

ನಾಲಿಗೆ ಮಾತ್ರ ಕುಡುಗೋಲು. ಸೀದಾ ಹೈಕೋರ್ಟಿಗೆ ಹೋಗುತ್ತೇನೆ ಎಂದವರ ಕಾಗದವನ್ನು ಅವರ ಮುಖಕ್ಕೇ ಎಸೆಯುತ್ತಿದ್ದ. "ಮೊದಲ ಎಸಿ ಸಾಹೇಬ್ರು, ಆಮ್ಯಾಲ ಡಿಸಿ ಸಾಹೇಬ್ರು. ಇಬ್ಬರೂ ಇಲ್ಲಂದ್ರ ಕೋರ್ಟು. ನಡುವಿನ ಪಾವಟಿಗಿ ಬಿಟ್ಟು ಜಿಗಿದವನ ಹಲ್ಲು ಉಳಿದದ್ದು ನಾ ನೋಡಿಲ್ಲ." ಗಡುವಿನ ಕೊನೆಯ ದಿನ ಓಡಿಬಂದ ಮುದುಕಿಯೊಬ್ಬಳನ್ನು, "ಘತ್ತರಗಿ ದೇವಿಗೆ ಕಾಯಿ ಒಡಿಯಾಕ ಟೈಮ್ ಸಿಕ್ಕಿತ್ತೇನಬೇ?" ಎಂದು ಅಳಿಸಿದ. ಬೈಯುತ್ತಲೇ ಬರೆದು, ತಾನೇ ಕಲಬುರಗಿ ಬಸ್ಸು ಹತ್ತಿಸಿದ.

ಒಂದು ದಿನ ಅವನ ಎರಡು ಖೋಲಿಯ ಮನೆಗೇ ಆದೇಶ ಬಂತು: ಸರ್ಕಾರಿ ಜಾಗ, ತೆರವು ಮಾಡಿ. ನಾನು ಕರಿ ಕೋಟು ತೊಟ್ಟು ಇನ್ನೂ ವರ್ಷವಾಗಿರಲಿಲ್ಲ.

"ಎಸಿ ಆಫೀಸಿಗೆ ಅಲೆಯೂದು ಯಾಕ್ರಿ ಕಾಕಾ? ಹೈಕೋರ್ಟಿನಾಗ ರಿಟ್ ಹಾಕ್ತೇನಿ. ಎರಡ ದಿನದಾಗ ತಡೆ ತರ್ತೇನಿ."

ಅವನು ನನ್ನನ್ನೇ ನೋಡಿದ. ಬೈಯದೆ ರಿಟ್ ಕಾಗದಕ್ಕೆ ಸಹಿ ಹಾಕಿದ. ಬೈಯಲಿಲ್ಲವೆಂದು ನಾನು ಬೀಗಿದೆ, ಮೂರ್ಖ.

ತಡೆ ಸಿಗಲಿಲ್ಲ. ವಿಚಾರಣೆಗೆ ಬರುವಷ್ಟರಲ್ಲಿ ಅಪೀಲಿನ ಗಡುವೂ ಮುಗಿದಿತ್ತು. ಎಸಿ ಮುಂದೆ ಮೇಲ್ಮನವಿಗೆ ಅವಕಾಶವಿರುವಾಗ ಇಲ್ಲಿಗೇಕೆ ಬಂದಿರಿ ಎಂದು ನ್ಯಾಯಮೂರ್ತಿಗಳು ಒಂದೇ ನಿಮಿಷದಲ್ಲಿ ರಿಟ್ ವಜಾ ಮಾಡಿದರು. ಮೂರನೇ ದಿನ ಜೆಸಿಬಿ ಬಂತು. ಕಾಕಾನ ಹೆಂಡತಿ, ನಮ್ಮ ಕಾಕೂ, ಬಿಸಿ ಆರದ ರೊಟ್ಟಿ ಹಂಚನ್ನು ಸೆರಗಿನಲ್ಲಿ ಹಿಡಿದು ರಸ್ತೆಯಲ್ಲಿ ನಿಂತಿದ್ದಳು.

ಮರುದಿನ ಕಾಕಾ ಮರದ ಕೆಳಗೆ, ಎಲ್ಲರ ಎದುರು, ನನ್ನನ್ನು ನೆಲದ ಮೇಲೆ ಕೂರಿಸಿ ತಡವಾದ ಮೇಲ್ಮನವಿ ಬರೆಸಿದ.

"ತಡಕ್ಕ ಕಾರಣ ಬರಿ. ಸಾಲಿ ಕಲಿತ ವಕೀಲನ ಸೊಕ್ಕು. ಬರಿಲೇ!"

ಜನ ನಕ್ಕರು. ಅವನು ನಗಲಿಲ್ಲ. ನಾನು ಬರೆದೆ. ಬಿದ್ದ ಮನೆಗೆ ಆ ಕಾಗದದಿಂದ ಏನೂ ಆಗುವಂತಿರಲಿಲ್ಲ. ನನ್ನ ಮಾನ ಕಳೆಯಲೆಂದೇ ಬರೆಸಿದ್ದ. ಆ ಸಿಟ್ಟಿಗೆ ಎರಡು ವರ್ಷ ಅವನ ಕಡೆ ತಲೆಹಾಕಲಿಲ್ಲ.

ಬಸ್ ಸ್ಟ್ಯಾಂಡ್ ಹಿಂದಿನ ಬಾಡಿಗೆ ಖೋಲಿಯಲ್ಲಿ ಅವನು ತೀರಿಕೊಂಡ. ಮಣ್ಣು ಮುಗಿಸಿ ಬಂದಾಗ ಕಾಕೂ ಟ್ರಂಕು ತೆಗೆದು ಒಂದು ಕಾಗದ ಕೊಟ್ಟಳು. ಎಸಿ ಸಾಹೇಬರಿಗೆ ಬರೆದ ಮೇಲ್ಮನವಿ. ಅವನದೇ ಗುಂಡಗಿನ ಅಕ್ಷರ. ತಾರೀಖು, ತೆರವಿನ ಆದೇಶ ಕೈಸೇರಿದ ದಿನದ್ದೇ. ಸಹಿಯೂ ಆಗಿತ್ತು.

"ಇದನ್ನ ಕಾಕಾ ಎಸಿ ಆಫೀಸಿಗೆ ಯಾಕ ಕೊಡಲಿಲ್ರಿ ಕಾಕೂ?"

"ನೀ ದೊಡ್ಡ ಕೋರ್ಟಿನಾಗ ಎದ್ದು ನಿಲ್ಲೂದು ಒಮ್ಮೆ ನೋಡಬೇಕಂದ್ರಪ್ಪ. ಅವತ್ತ ಹಿಂದಿನ ಬೆಂಚಿನ ಮ್ಯಾಲ ಕುಂತಿದ್ರಂತ. ನೀ ತಿರುಗಿ ನೋಡಲಿಲ್ಲಂತ."

ಕಾಗದವನ್ನು ಕೊನೆಯವರೆಗೆ ಓದಿದೆ. ಒಂದು ತಪ್ಪೂ ಇರಲಿಲ್ಲ.