ಬಿದಿರಿನ ವಿಮಾನ ಕಟ್ಟುತ್ತಿದ್ದ ಅಣ್ಣ

ನಮ್ಮೂರು ಅಗರದಲ್ಲಿ ಯಾರೇ ಸತ್ತರೂ, ಹೆಣ ಕೂರಿಸಿ ಒಯ್ಯುವ ಬಿದಿರಿನ ವಿಮಾನ ಕಟ್ಟಲು ಊರೆಲ್ಲ ಅಣ್ಣ ಅಂತಿದ್ದ ಆ ಹಿರಿಯರೇ ಬರಬೇಕು. ಸಾವಿನ ಮನೇಲಿ ಯಾರಾದರೂ ತಮಾಷೆಗಿಳಿದರೆ ಅವರ ಕೈಗೊಂದು ಬಿದಿರು ಕೊಟ್ಟು, "ಇಡ್ಕೊಳ್ಲಾ, ಬಾಯಿ ಬುಟ್ಟು ಕೈ ಆಡ್ಸು" ಅನ್ನೋರು.

ನನ್ನ ಹೆಂಡತಿ ತೀರಿಕೊಂಡ ದಿನ, ಕೊಳ್ಳೇಗಾಲದಿಂದ ಬಂದ ಅಕ್ಕನ ಗಂಡ ನನ್ನ ಮಗಳ ಎದುರಿಗೇ, "ನಿಂಗೇನ್ಲಾ ವಯಸ್ಸಾಗಿರಾದು? ವರ್ಸ ಕಳೀಲಿ, ಇನ್ನೊಂದ್ ಮದ್ವೆ ಮಾಡಾನ" ಎಂದು ನಕ್ಕರು. ಮಗಳು ನನ್ನ ಮುಖ ನೋಡಿದಳು.

ಅಣ್ಣ ಎದ್ದು ಬಂದು ಭಾವನ ಕೈಗೆ ಬಿದಿರು ಕೊಟ್ಟರು. ಆಮೇಲೆ ನನ್ನ ಹತ್ತಿರ ಕೂತು, "ತಂಗ್ಯವ್ವ ಕೂತ್ರೆ ಎಷ್ಟೆತ್ತರ ಬರೋಳಪ್ಪ?" ಎಂದು ಮೆಲ್ಲಗೆ ಕೇಳಿದರು.

"ಪಕ್ಕದಲ್ಲಿ ಕೂತ್ರೆ ನನ್ ಭುಜಕ್ಕೆ ಬರೋಳು ಕಣಣ್ಣ" ಅಂದೆ.

ಮಗಳು ಬಂದು ನನಗೆ ಒರಗಿ ಕೂತಳು. ನನ್ನ ಕಿವಿ ಮುಟ್ಟಿ, "ಭುಜ ಅಲ್ಲ ಕಣಪ್ಪ, ಇಲ್ಲೀಗಂಟ ಬರೋಳು ಅವ್ವ" ಎಂದಳು.