ಬೀಗರ ಗಾಡಿ

ಮಾವನ ಮೇಲೆ ಮೊದಲು ಅನುಮಾನಪಟ್ಟದ್ದು ವಿಮಾ ಕಂಪನಿಯ ವಕೀಲರಲ್ಲ, ನಾನು.

ನನ್ನ ಸೋದರಮಾವ ಸೂಳೆಕೆರೆ ಪಕ್ಕದ ಹಳ್ಳಿಯವರು. ನ್ಯಾಮತಿಯಿಂದ ಹೊನ್ನಾಳಿ ಕಡೆ ಬೈಕಿನಲ್ಲಿ ಬರುವಾಗ ಬಿದ್ದು ತೊಡೆಮೂಳೆ ಮುರಿಯಿತು. ರಾಡ್ ಹಾಕಿದರೂ ಮೂಳೆ ಸರಿಯಾಗಿ ಕೂಡಲಿಲ್ಲ. ಪರಿಹಾರ ಬಂದರೆ ಎರಡನೇ ಆಪರೇಷನ್, ಇಲ್ಲದಿದ್ದರೆ ಜೀವನಪೂರ್ತಿ ಊರುಗೋಲು. ಪರಿಹಾರ ಬರಬೇಕೆಂದರೆ ಇಂಥದೇ ಗಾಡಿ ಗುದ್ದಿತು ಎಂದು ಚನ್ನಗಿರಿಯ ಕೋರ್ಟಿನಲ್ಲಿ ಸಾಬೀತಾಗಬೇಕು.

ಮೊದಲು ಎದುರಾಳಿಯ ಪರ ವಾದಿಸಿ ನೋಡು ಅಂತ ಕಾಲೇಜಿನ ಚರ್ಚಾಸ್ಪರ್ಧೆಗಳಲ್ಲಿ ನಮಗೆ ಕಲಿಸಿದ್ದರು. ಮಾವನ ಕಾಗದಗಳನ್ನು ಹರಡಿಕೊಂಡು ವಾದಿಸಿ ನೋಡಿದೆ. ಎದುರಾಳಿಯೇ ಗೆದ್ದ. ಆಸ್ಪತ್ರೆಯ ಚೀಟಿಯಲ್ಲಿ ‘ಬೈಕ್ ಸ್ಕಿಡ್ ಆಗಿ ಬಿದ್ದದ್ದು’ ಎಂದು ಮಾವನ ಹೇಳಿಕೆಯೇ ಇದೆ. ಪೊಲೀಸರಿಗೆ ದೂರು ಕೊಟ್ಟದ್ದು ಹನ್ನೊಂದು ದಿನದ ಮೇಲೆ. ಗುದ್ದಿತೆನ್ನುವ ಲಗೇಜ್ ಗಾಡಿಯೋ, ಮಾವನ ಅಳಿಯನ ಅಣ್ಣನದು, ಮಗಳನ್ನು ಕೊಟ್ಟ ಊರು ಕತ್ತಲಗೆರೆಯದು. ರಸ್ತೆ ತುಂಬ ಗಾಡಿಗಳಿರುವಾಗ ಬೀಗರ ಗಾಡಿಯೇ ಬಂದು ಗುದ್ದಬೇಕೆ? ತಾನೇ ಬಿದ್ದು, ವಿಮೆ ಇರುವ ನೆಂಟರ ಗಾಡಿಯ ನಂಬರ್ ಬರೆಸುವವರ ಕಥೆ ನಾನೂ ಕೇಳಿದ್ದೆ.

ಒಂದು ಭಾನುವಾರ ಮಾವನ ಮಂಚದ ಪಕ್ಕ ಸ್ಟೂಲ್ ಹಾಕಿಕೊಂಡು ಪಾಟೀಸವಾಲಿಗೆ ಕೂತೆ. ಕರಿಕೋಟು ಒಂದು ಕಮ್ಮಿ ಐತೆ ನೋಡು ಅಂತ ಅತ್ತೆ ಒಳಗಿನಿಂದ ಚುಚ್ಚಿದರು.

ಮಾವ ಹೇಳಿದ್ದು ಇಷ್ಟು. ನ್ಯಾಮತಿಯಲ್ಲಿ ಒಂದು ಹಳೇ ಮೋಟರ್ ಪಂಪ್ ಕೊಂಡರು. ಬೀಗರಾದರೆ ಬಾಡಿಗೆ ಕೇಳುವುದಿಲ್ಲವೆಂದು ಆ ಗಾಡಿಯನ್ನೇ ಕರೆಸಿದರು. ಮುಂದೆ ಬೈಕು, ಹಿಂದೆ ಮೋಟರ್ ಹೊತ್ತ ಗಾಡಿ, ಓಡಿಸುತ್ತಿದ್ದವರು ಬೀಗರೇ. ಮೇಕೆಯೊಂದು ಅಡ್ಡ ಬಂತು. ಮಾವ ಬ್ರೇಕ್ ಹಿಡಿದರು, ಹಿಂದಿನವರು ಹಿಡಿಯಲಿಲ್ಲ. ಆಮೇಲೆ ಅದೇ ಗಾಡಿಯಲ್ಲಿ, ಮೋಟರಿನ ಪಕ್ಕ ಮಲಗಿಸಿಕೊಂಡು ಹೊನ್ನಾಳಿಯ ಒಂದು ಆಸ್ಪತ್ರೆಗೆ ತಂದರು. ಸ್ಕಿಡ್ ಅಂತ ಹೇಳಿಬಿಡಿ, ಖರ್ಚೆಲ್ಲ ನಮ್ಮದು ಎಂದು ಬಾಗಿಲಲ್ಲೇ ಕೈಮುಗಿದರಂತೆ.

“ನೀವು ಹಂಗೇ ಹೇಳಿದ್ರಾ?”

“ಹೇಳ್ದೆ ಇನ್ನೇನು ಮಾಡಾದು? ಬೀಗರ ಮೇಲೆ ಕೇಸು ಹಾಕಿ, ಮಗಳನ್ನ ಹೆಂಗೆ ಆ ಮನೆಗೆ ಕಳಿಸಾಕಾಗ್ತತೆ?”

ಖರ್ಚು ನೋಡಿಕೊಳ್ಳುವ ಮಾತು ಎರಡು ಸಲ ಬಾಳೆಹಣ್ಣು ತಂದುಕೊಡುವುದರಲ್ಲಿ ಮುಗಿಯಿತು. ದುಡ್ಡು ಕೊಡುವುದು ವಿಮಾ ಕಂಪನಿ, ಬೀಗರಲ್ಲ ಎಂದು ನಮ್ಮ ವಕೀಲರು ತಿಳಿಸಿ ಹೇಳಿದ ಮೇಲೆ ಮಾವ ದೂರು ಕೊಟ್ಟರು. ಬೀಗರು ಪೊಲೀಸ್ ಕೇಸಿಗೆ ಹೆದರಿ, ಆ ದಿನವಿಡೀ ನಮ್ಮ ಗಾಡಿ ಜಗಳೂರಿನಲ್ಲಿ ಮೆಕ್ಕೆಜೋಳ ತುಂಬುತ್ತಿತ್ತು ಎಂದು ಕೋರ್ಟಿಗೆ ಬರೆದುಕೊಟ್ಟರು. ಆವತ್ತಿನಿಂದ ಮಗಳು ತವರಿಗೆ ಬಂದಿಲ್ಲ.

ಮಾವನ ಕಥೆ ನುಣ್ಣಗಿತ್ತು, ನುಣ್ಣಗಿರುವುದನ್ನು ನಾನು ನಂಬುವುದಿಲ್ಲ. ಆದರೆ ಜಗಳೂರಿನ ಜೋಳವನ್ನೂ ನಂಬಲಾಗಲಿಲ್ಲ. ಇಬ್ಬರೂ ಸೇರಿ ಹೂಡಿದ ಆಟವಾಗಿದ್ದರೆ ಬೀಗರು ಹೌದು ಎನ್ನಬೇಕಿತ್ತಲ್ಲ? ಅದೂ ನಾಟಕವಿರಬಹುದು ಎಂದು ನನ್ನೊಳಗಿನ ಎದುರಾಳಿ ಕೂಡಲೇ ಎದ್ದು ನಿಂತ.

ಅಷ್ಟರಲ್ಲಿ ನಮ್ಮ ವಕೀಲರು ಆಸ್ಪತ್ರೆಯ ರಿಜಿಸ್ಟರಿನ ಪುಟ ತರಿಸಿದರು. ಅದೇ ಸ್ಕಿಡ್, ಅದೇ ಹೇಳಿಕೆ. ಅದರ ಕೆಳಗೆ, ನಾವು ಯಾರೂ ನೋಡದಿದ್ದ ಇನ್ನೊಂದು ಸಾಲು. ‘ಕರೆತಂದವರು’ ಎಂಬಲ್ಲಿ ಬೀಗರ ಹೆಸರು, ‘ಸಂಬಂಧ’ ಎಂಬಲ್ಲಿ ಬೀಗರು, ಪಕ್ಕದಲ್ಲಿ ದುಂಡನೆಯ ಸಹಿ. ಜಗಳೂರಿನಲ್ಲಿ ಜೋಳ ತುಂಬುತ್ತಿದ್ದವರು ಅದೇ ಮಧ್ಯಾಹ್ನ ಹೊನ್ನಾಳಿಯಲ್ಲಿ ಸಹಿ ಹಾಕಿದ್ದು ಹೇಗೆ?

ಆದರೂ ನಾನು ಬಿಡಲಿಲ್ಲ. ಇದರಿಂದ ಅವರು ಅಲ್ಲಿದ್ದರು ಎಂದಾಯಿತು, ಗುದ್ದಿದರು ಎಂದಾಗಲಿಲ್ಲವಲ್ಲ ಎಂದೆ. ವಕೀಲರು ಒಪ್ಪಿದರು. ಉಳಿದದ್ದು ಮಾವನ ಬಾಯಿಂದಲೇ ಬರಬೇಕು, ಅಂದು ಸುಳ್ಳು ಹೇಳಿದೆ ಎಂದು ಎಲ್ಲರೆದುರು ಒಪ್ಪಿಕೊಳ್ಳಬೇಕು ಎಂದರು.

ವಿಚಾರಣೆಯ ದಿನ ಮಾವ ಕಟಕಟೆ ಹಿಡಿದು ನಿಂತರು. ಆಸ್ಪತ್ರೆಯಲ್ಲಿ ಹೇಳಿದ್ದು ಸುಳ್ಳೋ, ಇಲ್ಲಿ ಹೇಳುವುದು ಸುಳ್ಳೋ ಎಂದು ಕಂಪನಿಯ ವಕೀಲರು ಕೇಳಿದರು, ನಾನು ಮಂಚದ ಪಕ್ಕ ಕೇಳಿದ ಧಾಟಿಯಲ್ಲೇ.

“ಅಲ್ಲಿ ಹೇಳಿದ್ದು ಸುಳ್ಳು, ಸ್ವಾಮಿ.”

“ದುಡ್ಡಿಗೋಸ್ಕರ ಈಗ ಮಾತು ಬದಲಾಯಿಸ್ತಿದ್ದೀರಿ.”

“ಕಾಲಿಗೋಸ್ಕರ,” ಎಂದರು ಮಾವ. “ಅವತ್ತು ಮಗಳಿಗೋಸ್ಕರ ಹೇಳಿದ್ದೆ.”

ಮುಂದಿನ ಸಲ ಬೀಗರಿಗೆ ಆ ಸಹಿ ತೋರಿಸಿದಾಗ ಅವರು ಕಾಗದವನ್ನು ಹತ್ತಿರ ಹಿಡಿದು ನೋಡಿದರು. ನಂದೇ ಅಂದರು. ಜಗಳೂರಿನ ಮಾತು ಮತ್ತೆ ಎತ್ತಲಿಲ್ಲ.

ಮಾವನ ಸಾಕ್ಷ್ಯ ನಂಬತಕ್ಕದ್ದು, ಗಾಡಿ ಗುದ್ದಿದ್ದು ಸಾಬೀತಾಗಿದೆ ಎಂದು ಆದೇಶವಾದ ದಿನ, ಕೋರ್ಟಿನ ಹೊರಗಿನ ಬೆಂಚಿನ ಮೇಲೆ ಕೂತಿದ್ದ ಮಾವನಿಗೆ ಓಡಿಹೋಗಿ ಹೇಳಿದೆ. ಅವರು ಮುಖ ಅರಳಿಸಲಿಲ್ಲ. ಕತ್ತಲಗೆರೆಗೆ ಯಾರು ಹೇಳ್ತೀರಿ ಅಂತ ಕೇಳಿದರು. ಕೊನೆಗೆ ಅವರೇ ಮಗಳಿಗೆ ಫೋನ್ ಹಚ್ಚಿದರು. ಆಪರೇಷನ್ ಯಾವತ್ತು ಅಂತ ಅವಳೇ ಮೊದಲು ಕೇಳಿದಳು, ನಾನು ಬಂದು ಇರ್ತೀನಿ ಅಂದಳು.

“ಅವರು ಕಳಿಸ್ತಾರೇನವ್ವಾ?”

“ಕೇಳಾಕೆ ಹೋಗಿಲ್ಲಪ್ಪ,” ಎಂದಳು.